ನಾಲ್ಕು ಫಲಕದ ಪ್ರಾಣಿ, ಆರು ಫಲಕದ ಸಂಸಾರ

ಪ್ರಿಯ ಲೇಖಕರಿಗೆ,

ಇಂಗ್ಲೆಂಡಿನ ದಕ್ಷಿಣ ತೀರದಲ್ಲಿ ನೆಲೆಸಿರುವ ತಾವು ಚಿಚೆಸ್ಟರ್ ಬಂದರಿನಲ್ಲಿ ಬಂಡೆಗಳಿಗೆ ಅಂಟಿ ಬಾಳುವ, ಸುಣ್ಣದ ಗೂಡಿನ ಪುಟ್ಟ ಪ್ರಾಣಿಗಳಾದ ಬಾರ್ನಕಲ್‌ಗಳನ್ನು ಕುರಿತು ಬರೆದು ಕಳುಹಿಸಿದ ‘ಕಡಲ ದಾಳಿಕೋರ’ ಎಂಬ ಲೇಖನವನ್ನು ಎರಡು ಬಾರಿ ಓದಿದೆ. ಈಗಿರುವ ರೂಪದಲ್ಲಿ ಅದನ್ನು ಪ್ರಕಟಿಸಲಾಗುವುದಿಲ್ಲ. ಆದರೂ ಇಷ್ಟು ದೀರ್ಘವಾಗಿ ಉತ್ತರಿಸುತ್ತಿರುವುದು ಮೂರನೆಯ ಪುಟದ ಆರು ಸಾಲುಗಳಿಗಾಗಿ: ಬಾರ್ನಕಲ್ ಅಂಟಿದ್ದ ಪುಟ್ಟ ಕಲ್ಲನ್ನು ಸಮುದ್ರದ ನೀರು ತುಂಬಿದ ಊಟದ ಡಬ್ಬಿಯಲ್ಲಿಟ್ಟು ಕಾದಾಗ, ಬಿಗಿದಿದ್ದ ಬಾಯಿ ಮೆಲ್ಲನೆ ಬಿರಿದು, ಗರಿಯಂಥ ಕಾಲುಗಳು ಹೊರಚಾಚಿ ನೀರನ್ನು ಬಾಚತೊಡಗಿದವೆಂದು ಬರೆದಿದ್ದೀರಲ್ಲ, ಆ ಸಾಲುಗಳು.

ಲೇಖನ ಅಲ್ಲಿಂದಲೇ ಆರಂಭವಾಗಲಿ. ಮೊದಲೆರಡು ಪುಟಗಳ ಮಹಾಯುದ್ಧದ ವರ್ಣನೆಯಲ್ಲಿ ಪ್ರಾಣಿಯ ಸುಳಿವೇ ಇಲ್ಲ. ಬಂದಾಗಲೂ ಅದನ್ನು ಮೃದ್ವಂಗಿ, ಅಂದರೆ ಬಸವನಹುಳು, ಕಪ್ಪೆಚಿಪ್ಪುಗಳ ಬಳಗದ್ದು, ಎಂದು ಕರೆದಿದ್ದೀರಿ. ಸುಣ್ಣದ ಗೂಡನ್ನು ಕಂಡು ಮೋಸಹೋದವರು ತಾವೊಬ್ಬರೇ ಅಲ್ಲ. 1830ರಲ್ಲಿ ನಿಸರ್ಗವಿಜ್ಞಾನಿ ಜಾನ್ ವಾನ್ ಥಾಂಪ್ಸನ್ ಇದರ ಮರಿಯ ರೂಪಾಂತರವನ್ನು ಪ್ರಕಟಿಸುವವರೆಗೆ ವಿದ್ವಾಂಸರಲ್ಲೂ ಹೆಚ್ಚಿನವರು ಹಾಗೆಯೇ ತಿಳಿದಿದ್ದರು. ಇದು ಸೀಗಡಿ, ಏಡಿಗಳ ಬಳಗದ್ದು. ತಲೆಯನ್ನು ಬಂಡೆಗೆ ಅಂಟಿಸಿಕೊಂಡು, ಉಳಿದ ಆಯುಷ್ಯವನ್ನೆಲ್ಲ ಕಾಲಿನಿಂದ ಬಾಯಿಗೆ ಆಹಾರ ಎಳೆದುಕೊಳ್ಳುತ್ತ ಕಳೆಯುವಂಥದ್ದು.

ದೊಡ್ಡ ತಪ್ಪು ಇನ್ನೊಂದಿದೆ. ತಮ್ಮ ಛಾಯಾಚಿತ್ರವನ್ನು ದೊಡ್ಡದು ಮಾಡಿ ಎಣಿಸಿದೆ: ಗೂಡಿನ ಗೋಡೆಯ ಸುಣ್ಣದ ಫಲಕಗಳು ನಾಲ್ಕೇ. ಅಂದರೆ ಅದು ಆಸ್ಟ್ರೇಲಿಯಾ, ನ್ಯೂಜಿಲೆಂಡ್ ಮೂಲದ ಬಾರ್ನಕಲ್ ಜಾತಿ, ಆಸ್ಟ್ರೊಮಿನಿಯಸ್ ಮೊಡೆಸ್ಟಸ್. ಆದರೆ ವರ್ಷಕ್ಕೊಮ್ಮೆ, ವಸಂತದ ಹೊತ್ತಿಗೆ ಮಾತ್ರ ಮರಿಗಳನ್ನು ನೀರಿಗೆ ಬಿಡುತ್ತದೆಂದು ತಾವು ಬರೆದಿರುವುದು ಅಲ್ಲಿನ ಸ್ಥಳೀಯ ಜಾತಿಯಾದ, ಆರು ಫಲಕಗಳ ಸೆಮಿಬಲಾನಸ್ ಬಲನಾಯ್ಡಿಸ್‌ಗೆ ಸಲ್ಲುವ ಮಾತು. ಒಂದರ ಚಿತ್ರ ಕೊಟ್ಟು ಮತ್ತೊಂದರ ಸಂಸಾರವನ್ನು ಬಣ್ಣಿಸಿದಂತಾಗಿದೆ. ಹೊರಗಿನಿಂದ ಬಂದದ್ದು ವರ್ಷದಲ್ಲಿ ಹಲವು ಬಾರಿ ಮರಿಮಾಡುತ್ತದೆ, ಹುಟ್ಟಿದ ಕೆಲವೇ ತಿಂಗಳಲ್ಲಿ ಅದಕ್ಕೆ ಸಿದ್ಧವಾಗುತ್ತದೆ, ಸಿಹಿನೀರು ಬೆರೆತ ಕೆಸರುಗೊಂಡ ಅಳಿವೆಗಳನ್ನೂ ಸಹಿಸುತ್ತದೆ. ಅದು ಹೇಗೆ ಹಬ್ಬಿತೆಂಬ ತಮ್ಮ ಪ್ರಶ್ನೆಗೆ ಬಹುಪಾಲು ಉತ್ತರ ಇಲ್ಲಿಯೇ ಇದೆ.

ಮರಿಗಳು ಆಸ್ಟ್ರೇಲಿಯಾದಿಂದ ಈಜಿ ಬಂದವೆಂಬ ವಾಕ್ಯವನ್ನು ದಯವಿಟ್ಟು ತೆಗೆಯಿರಿ. ನೀರಲ್ಲಿ ತೇಲುವ ಮರಿಯ ಬಾಳು ಕೆಲವು ವಾರಗಳದ್ದು. ಕೊನೆಯ ಹಂತವಾದ ಸಿಪ್ರಿಡ್ ಏನನ್ನೂ ತಿನ್ನದೆ, ಕೂಡಿಟ್ಟ ಶಕ್ತಿ ತೀರುವ ಮೊದಲು ಮೀಸೆಗಳಿಂದ ಕಲ್ಲಿನ ಮೇಲೆ ನಡೆದಾಡಿ ಜಾಗ ಹುಡುಕುತ್ತದೆ. ತನ್ನ ಜಾತಿಯವು ನೆಲೆಸಿದ ವಾಸನೆ ಸಿಕ್ಕರೆ ಅಲ್ಲೇ ಅಂಟಿಕೊಳ್ಳುತ್ತದೆ. ಅದಕ್ಕೆ ಕಾರಣವೂ ಇದೆ. ಪ್ರತಿಯೊಂದೂ ದ್ವಿಲಿಂಗಿಯಾಗಿದ್ದರೂ ಸಾಮಾನ್ಯವಾಗಿ ಇನ್ನೊಂದರೊಡನೆಯೇ ಕೂಡಬೇಕು, ಕದಲಲು ಬಾರದ್ದಕ್ಕೆ ಕೈಯಳತೆಯಲ್ಲಿ ನೆರೆ ಬೇಕೇಬೇಕು. (ತಾವು ‘ಗಂಡು ಬಾರ್ನಕಲ್’ ಎಂದಿರುವುದನ್ನು ಆಗಲೇ ಹೊಡೆದುಹಾಕಿದ್ದೇನೆ.) ಹೀಗಾಗಿ ಸಾಗರ ದಾಟಿದ್ದು ಹಡಗಿನ ತಳಕ್ಕೆ ಗುಂಪಾಗಿ ಅಂಟಿದ್ದ ಬಾರ್ನಕಲ್‌ಗಳೇ ಇರಬೇಕು. ಯುದ್ಧಕಾಲದ ಹಡಗು ಸಂಚಾರ ತಮಗೆ ಬೇಕಾಗುವುದು ಇಲ್ಲಿ, ಅದೂ ಒಂದೆರಡು ವಾಕ್ಯಗಳಷ್ಟು. 1940ರ ದಶಕದ ನಡುವೆ ತಮ್ಮ ಚಿಚೆಸ್ಟರ್‌ನಲ್ಲಿ ಇದನ್ನು ಗುರುತಿಸಿದ ಮೇಲೆ, ಕಡಲ ಜೀವವಿಜ್ಞಾನಿ ಡೆನ್ನಿಸ್ ಕ್ರಿಸ್ಪ್ 1958ರಲ್ಲಿ ವಾಯವ್ಯ ಯೂರೋಪಿನಲ್ಲಿ ಅದರ ಪ್ರಸರಣವನ್ನು ವಿವರಿಸುತ್ತ, ಪ್ರವಾಹದೊಡನೆ ತೀರದಗುಂಟ ಸರಿಯುವುದನ್ನೂ ದೂರದ ಬಂದರಿಗೆ ಒಮ್ಮೆಲೇ ನೆಗೆಯುವುದನ್ನೂ ಬೇರ್ಪಡಿಸಿ ತೋರಿಸಿದರು. ತಾವು ಎರಡನ್ನೂ ಒಂದೇ ವಾಕ್ಯದಲ್ಲಿ ಕಲಸಿದ್ದೀರಿ.

‘ಸ್ಥಳೀಯ ಜಾತಿಗಳನ್ನು ನಿರ್ನಾಮ ಮಾಡಿತು’ ಎಂಬುದು ಅತಿಯಾಯಿತು. ಮರೆಯಾದ ಕೊಲ್ಲಿ, ಅಳಿವೆಗಳಲ್ಲಿ ಇದರದೇ ಕಾರುಬಾರಿರಬಹುದು. ಅಲೆ ನೇರವಾಗಿ ಬಡಿಯುವ ಬಂಡೆಗಳಲ್ಲಿ ಹಳೆಯ ನಿವಾಸಿಗಳು ಇಂದಿಗೂ ಇದ್ದಾರೆ. ಶೀರ್ಷಿಕೆಯನ್ನೂ ಬದಲಿಸಿ. 1854ರಲ್ಲಿ ಡಾರ್ವಿನ್ ಈ ಒಂದು ಸೆಂಟಿಮೀಟರೂ ಮೀರದ ಪ್ರಾಣಿಗೆ ಇಟ್ಟ ಹೆಸರಿನ ‘ಮೊಡೆಸ್ಟಸ್’ ಎಂದರೆ ಆಡಂಬರವಿಲ್ಲದ್ದು ಎಂದರ್ಥ; ‘ದಾಳಿಕೋರ’ನಿಗಿಂತ ಒಳ್ಳೆಯ ಶೀರ್ಷಿಕೆ ಅದರಲ್ಲೇ ಸಿಕ್ಕೀತು.

ತಿದ್ದಿದ ಪ್ರತಿ ಸಾವಿರ ಪದ ಮೀರದಿರಲಿ. ಮುಂದಿನ ಇಳಿತದಲ್ಲಿ ಎರಡೂ ಜಾತಿಗಳು ಅಕ್ಕಪಕ್ಕ ಸಿಕ್ಕರೆ, ಗಾತ್ರ ತಿಳಿಯುವಂತೆ ಒಂದು ಅಂಗಿಗುಂಡಿಯನ್ನು ಪಕ್ಕದಲ್ಲಿಟ್ಟು ಚಿತ್ರ ತೆಗೆದು ಕಳುಹಿಸಿ.

ಇತಿ,
ಸಂಪಾದಕ