ಸ್ಲೋವಾಕ್ ನಟ ಮಾರ್ಟಿನ್ ಹೊಲ್ಲೀ 1965ರಲ್ಲಿ ತೀರಿಕೊಂಡರೆ 1980ರ ಸಿನಿಮಾ ಅವರ ಸಿನಿಮಾಗಳ ಪಟ್ಟಿಯಲ್ಲಿ ಹೇಗೆ?

ಬಹುಶಃ ಅಪ್ಪ-ಮಗ ಇಬ್ಬರೂ ಒಂದೇ ಪುಟದಲ್ಲಿ ಸೇರಿಕೊಂಡಿದ್ದಾರೆ. ಇಬ್ಬರ ಹೆಸರೂ ಮಾರ್ಟಿನ್ ಹೊಲ್ಲೀ. ನಿಮಗೆ ಬೇಕಾದ ಪೋಷಕ ನಟ ಅಪ್ಪ, 1904ರಲ್ಲಿ ಹುಟ್ಟಿದವರು. ಮಗ ನಿರ್ದೇಶಕ, 1931ರಲ್ಲಿ ಹುಟ್ಟಿ 2004ರಲ್ಲಿ ತೀರಿಕೊಂಡರು. ನಿಮ್ಮನ್ನು ಗಲಿಬಿಲಿ ಮಾಡಿದ 1980ರ ‘ಸಿಗ್ನುಮ್ ಲೌದಿಸ್’ ಮಗನದು.

ಮೊದಲು ಪಟ್ಟಿಯಲ್ಲಿ ನಟನೆ, ನಿರ್ದೇಶನ ಎರಡನ್ನೂ ಬೇರೆ ಮಾಡಿ. ಸುಮ್ನೆ ವರ್ಷ ನೋಡಿ ಕತ್ತರಿಸಬೇಡಿ, ಯಾಕೆಂದರೆ ಅಪ್ಪ ಬದುಕಿದ್ದಾಗಲೇ ಮಗ ನಿರ್ದೇಶನ ಶುರು ಮಾಡಿದ್ದರು. ಆಮೇಲೆ ಹೆಸರಿನ ಕೊನೆಯಲ್ಲಿ ಎಸ್‌ಟಿ (st.) ಅಂತಿದ್ದರೆ ಹಿರಿಯರು, ಎಂಎಲ್ (ml.) ಅಂತಿದ್ದರೆ ಕಿರಿಯರು. ಕೆಲವು ಕಡೆ ಈ ಗುರುತೇ ಇರುವುದಿಲ್ಲ. ಆಗ ಪಾತ್ರದ ಹೆಸರು ಹಿಡಿದು ಹೋಗಿ.

1965ರ ‘ಒಪ್ಖೋದ್ ನ ಕೊರ್ಜೆ’ಯಿಂದ ಶುರು ಮಾಡಿ, ಇಂಗ್ಲಿಷ್‌ನಲ್ಲಿ ‘ದಿ ಶಾಪ್ ಆನ್ ಮೇನ್ ಸ್ಟ್ರೀಟ್’. ಅದರಲ್ಲಿ ಇಮ್ರೊ ಕುಖಾರ್ ಪಾತ್ರ ಅಪ್ಪನದು. ಯಹೂದಿಗಳ ಪರ ನಿಂತು ಫ್ಯಾಸಿಸ್ಟರ ಕೈಗೆ ಸಿಗುವ ಮನುಷ್ಯ. ಆಸ್ಕರ್ ಬಂದ ಸಿನಿಮಾ, ಹುಡುಕುವುದು ಕಷ್ಟವಲ್ಲ. ಪಾತ್ರ ಚಿಕ್ಕದು, ಆದರೆ ಇಡೀ ಕತೆಗೆ ಹೆದರಿಕೆ ತುಂಬುವುದು ಅವನಿಗಾಗುವ ಗತಿಯೇ.

ಒಂದು ಎಚ್ಚರಿಕೆ. ಮಾತು ಸ್ಲೋವಾಕ್ ಆದರೂ ಇದನ್ನು ತೆಗೆದದ್ದು ಜೆಕ್ ನಗರ ಪ್ರಾಗ್‌ನ ಬಾರಾಂಡೊವ್ ಸ್ಟುಡಿಯೊ. ಹಾಗಾಗಿ ಸ್ಲೋವಾಕಿಯಾದ ರಾಜಧಾನಿ ಬ್ರಾಟಿಸ್ಲಾವಾದ ಪಟ್ಟಿ ಮಾತ್ರ ನೋಡಿದರೆ ಇಂಥವು ತಪ್ಪಿಹೋಗಬಹುದು. ಜೆಕ್ ಫಿಲ್ಮ್ ಆರ್ಕೈವ್‌ನ ‘ಫಿಲ್ಮೊವಿ ಪ್ರೆಹ್ಲೆಡ್’ ತಾಣದಲ್ಲೂ ಅದೇ ಹೆಸರು ಹಾಕಿ ಹುಡುಕಿ. ನಡುವೆ ಸಿನಿಮಾ ಇಲ್ಲದ ವರ್ಷಗಳು ಕಂಡರೆ ಪುಟ ಅರ್ಧಂಬರ್ಧ ಅಂದುಕೊಳ್ಳಬೇಡಿ. ಆಗಿನ ಇಂಥ ನಟರಿಗೆ ಸಂಬಳದ ಕೆಲಸ ನಾಟಕದ್ದೇ ಜಾಸ್ತಿ.