1929ರ ‘ದಿ ಕೋಕೋನಟ್ಸ್’: ಹಾಡು ತೆಗೆದು ಹಾಸ್ಯ ಮಾತ್ರ ತೋರಿಸಿದರೆ ಆಗುತ್ತಾ?

ಕತ್ತರಿಸಬೇಡಿ. ನಿಮ್ಮ ಪ್ರಶ್ನೆ ಓದಿ ನಗು ಬಂತು, ಯಾಕಂದ್ರೆ ಇದೇ ಕೆಲಸ ಮಾಡಿ ಕೈ ಸುಟ್ಟುಕೊಂಡವನು ನಾನು. ಬಡಾವಣೆಯ ಸಿನಿಮಾ ಸಂಜೆಗೆ ‘ದಿ ಕೋಕೋನಟ್ಸ್’ ಹಾಕಬೇಕು, ಪ್ರೇಮಿಗಳ ಹಾಡು ಬೋರು, ಅದನ್ನೆಲ್ಲ ಕಿತ್ತು ಅಮೆರಿಕದ ಹಾಸ್ಯ ತಂಡ ಮಾರ್ಕ್ಸ್ ಸಹೋದರರ (ಗ್ರೌಚೋ, ಹಾರ್ಪೋ, ಚಿಕೋ, ಝೆಪ್ಪೋ) ಹಾಸ್ಯ ಮಾತ್ರ ಇಡಲಾ, ಇಲ್ಲಾ ಅವರದೇ ಇನ್ನೊಂದು ಚಿತ್ರ ‘ಡಕ್ ಸೂಪ್’ ಹಾಕಿಬಿಡಲಾ ಅಂತ ಕೇಳಿದ್ದೀರಿ. ಎರಡೂ ಬೇಡ. ಕಾರಣ ಹೇಳೋಕೆ ನನ್ನ ಕಥೆಯನ್ನೇ ಹೇಳಬೇಕಾಗುತ್ತೆ.

ನಮ್ಮದೂ ಇಂಥದ್ದೇ ಸಣ್ಣ ಬಳಗ. ಬಾಡಿಗೆ ಪ್ರೊಜೆಕ್ಟರ್, ಪ್ಲಾಸ್ಟಿಕ್ ಕುರ್ಚಿ, ಗೋಡೆಗೆ ಬಿಳಿ ಬೆಡ್‌ಶೀಟು. ಚಿತ್ರ ಸುಮಾರು 96 ನಿಮಿಷ ಇದೆ. ನಾನು ಲ್ಯಾಪ್‌ಟಾಪ್ ಮುಂದೆ ಕೂತು ಹೆಚ್ಚುಕಡಿಮೆ ಅರ್ಧ ಗಂಟೆಯಷ್ಟು ಎಗರಿಸಿದೆ. ಪ್ರೇಮಿಗಳಾದ ಪಾಲಿ, ಬಾಬ್ ಜೋಡಿ ಕಂಡ ಕಡೆಯೆಲ್ಲ ಕತ್ತರಿ. ಹುಡುಗಿಯರ ಕುಣಿತಕ್ಕೂ ಕತ್ತರಿ. ಕೊನೆಯ ಪಾರ್ಟಿಯಲ್ಲಿ ಒಬ್ಬ ದಪ್ಪ ದನಿಯಲ್ಲಿ ಒಪೆರಾ ಥರ ಹಾಡ್ತಾನೆ, ಅದನ್ನೂ ಬಿಡಲಿಲ್ಲ. ಜನ ಬಿದ್ದೂ ಬಿದ್ದೂ ನಗ್ತಾರೆ ಅಂತ ಲೆಕ್ಕ ಹಾಕಿದ್ದೆ.

ಮೊದಮೊದಲು ನಕ್ಕರು ಕೂಡ. ಗ್ರೌಚೋ ಫ್ಲಾರಿಡಾದಲ್ಲಿ ದಿವಾಳಿ ಹೋಟೆಲಿನ ಮಾಲೀಕ. ಸಂಬಳ ಕೇಳೋಕೆ ಬಂದ ಕೆಲಸದವರಿಗೆ ಒಂದು ಕಾಸೂ ಕೊಡದೆ, ಬರೀ ಮಾತಲ್ಲೇ ಹೊಟ್ಟೆ ತುಂಬಿಸಿ ಕಳಿಸ್ತಾನೆ. ಹಾಲ್‌ನಲ್ಲಿ ಒಳ್ಳೆ ನಗು. ಹಾರ್ಪೋ ಬಂದು ಮಸಿ ಕುಡಿದು ಟೆಲಿಫೋನು ತಿಂದಾಗ ಮಕ್ಕಳು ಕುರ್ಚಿ ಮೇಲೆ ನಿಂತವು. ಆಮೇಲೆ ಶುರುವಾಯ್ತು ನೋಡಿ. ಹಾಸ್ಯದ ಹಿಂದೆ ಹಾಸ್ಯ, ಅದರ ಹಿಂದೆ ಇನ್ನೊಂದು. ಊಟಕ್ಕೆ ಕೂರಿಸಿ ಬರೀ ಉಪ್ಪಿನಕಾಯಿ ಬಡಿಸಿದ ಹಾಗೆ. ಗ್ರೌಚೋ ನಕ್ಷೆ ಬಿಚ್ಚಿ ಚಿಕೋಗೆ ಜಾಗ ತೋರಿಸೋ ಸೀನು ಇಡೀ ಚಿತ್ರದ ಕಿರೀಟ. ಆ ಹೊತ್ತಿಗೆ ನಮ್ಮ ಜನ ಫೋನ್ ನೋಡ್ತಾ ಕೂತಿದ್ದರು.

ಇಷ್ಟೇ ಆಗಿದ್ದರೆ ಸಹಿಸಬಹುದಿತ್ತು. ಕಥೆ ಅನ್ನೋದು ಇರೋದೇ ನಾನು ಎಸೆದ ಕಡೆ. ಶ್ರೀಮಂತ ಮಿಸೆಸ್ ಪಾಟರ್ ಅವರ ಹಾರ ಕದಿಯೋಕೆ ಇಬ್ಬರು ಸಂಚು ಮಾಡ್ತಾರೆ, ಆರೋಪ ಬಡಪಾಯಿ ಬಾಬ್ ತಲೆಗೆ ಬೀಳುತ್ತೆ. ಬಾಬ್ ಯಾರು, ಅವನಿಗೂ ಪಾಲಿಗೂ ಏನು ಸಂಬಂಧ ಅನ್ನೋದೆಲ್ಲ ಹಾಡಿನ ಅಕ್ಕಪಕ್ಕದಲ್ಲಿದೆ. ನನ್ನ ಆವೃತ್ತಿಯಲ್ಲಿ ಯಾರೋ ಹುಡುಗ ಇದ್ದಕ್ಕಿದ್ದಂತೆ ಜೈಲಿಗೆ ಹೋದ. ‘ಇವನ್ಯಾರು ಹೊಸಬ?’ ಅಂತ ಹಿಂದಿನ ಸಾಲಿನವರು ಕೇಳಿದರು. ಹಾರ್ಪೋ ಹಾರ್ಪ್ ಅನ್ನೋ ದೊಡ್ಡ ತಂತಿವಾದ್ಯ ಹಿಡಿದು ನುಡಿಸೋ ಭಾಗ ಉಳಿಸಿದ್ದೆ. ಅವನು ನುಡಿಸೋದು ಆ ಜೋಡಿ ಹಾಡಿದ ಹಾಡಿನದೇ ಮಟ್ಟು. ಮೂಲವನ್ನೇ ಕೇಳಿರದ ಜನಕ್ಕೆ ಅದು ತಟ್ಟೋದಾದರೂ ಹೇಗೆ? ಇನ್ನು ಆ ಒಪೆರಾ ಹಾಡು. ಹಾರ್ಪೋ ಪತ್ತೇದಾರನ ಶರ್ಟನ್ನೇ ಲಪಟಾಯಿಸಿರ್ತಾನೆ, ಪತ್ತೇದಾರ ‘ಕಾರ್ಮೆನ್’ ಒಪೆರಾದ ಧಾಟಿಯಲ್ಲಿ ನನ್ನ ಶರ್ಟು ಕೊಡಿ ಅಂತ ಗೋಳಾಡ್ತಾನೆ. ಅಂದ್ರೆ ಅದು ಚಿತ್ರದ ದೊಡ್ಡ ಜೋಕು. ನಾನು ಅದನ್ನ ಹಾಡು ಅಂತ ಲೆಕ್ಕ ಹಾಕಿ ತೆಗೆದಿದ್ದೆ!

ಸಬ್‌ಟೈಟಲ್ ವಿಷಯ ಹೇಳೋದೇ ಬೇಡ. ಚಿತ್ರ ಕತ್ತರಿಸಿದೆ, ಸಬ್‌ಟೈಟಲ್ ಫೈಲ್ ಹಾಗೇ ಬಿಟ್ಟೆ. ಮೊದಲ ಕತ್ತರಿ ದಾಟಿದ ಮೇಲೆ ತೆರೆ ಮೇಲೆ ಒಬ್ಬರ ಬಾಯಿ, ಕೆಳಗೆ ಇನ್ಯಾರದೋ ಮಾತು.

ಮುಗಿದ ಮೇಲೆ, ಚಿಕ್ಕಂದಿನಲ್ಲಿ ಕಂಪನಿ ನಾಟಕ ನೋಡಿ ಬೆಳೆದ ಅಜ್ಜ ಒಬ್ಬರು ಹತ್ತಿರ ಬಂದರು. ‘ಏನಪ್ಪಾ, ಹಾಡುಗಳೆಲ್ಲ ಎಲ್ಲಿ ಹೋದವು? ನಾಟಕದವರು ಹಾಡಿಲ್ಲದೆ ಹಾಸ್ಯ ಮಾಡಲ್ವಲ್ಲ’ ಅಂದರು. ಇದು ನಾಟಕದಿಂದ ಬಂದ ಚಿತ್ರ ಅಂತ ಅವರಿಗೆ ಯಾರೂ ಹೇಳಿರಲಿಲ್ಲ. ನೋಡಿದ್ದೇ ಗೊತ್ತಾಗಿದೆ. ಗುಬ್ಬಿ ಕಂಪನಿಯ ‘ಸದಾರಮೆ’ 1935ರಲ್ಲಿ ಸಿನಿಮಾ ಆಯಿತಲ್ಲ, ಅಂಥ ನಾಟಕಗಳಲ್ಲಿ ಹಾಡಿನ ನಂತರ ನಗು, ನಗುವಿನ ನಂತರ ಹಾಡು. ಪ್ರೇಕ್ಷಕ ಉಸಿರು ಎಳೆದುಕೊಳ್ಳಬೇಕು, ಅಲ್ವಾ?

‘ಕೋಕೋನಟ್ಸ್’ ಕೂಡ ಅದೇ ಜಾತಿ. 1925ರ ಡಿಸೆಂಬರಿನಲ್ಲಿ ನ್ಯೂಯಾರ್ಕಿನ ರಂಗಮಂದಿರಗಳ ಬೀದಿ ಬ್ರಾಡ್‌ವೇಗೆ ಬಂದ ನಾಟಕ. ಮಾತು ಜಾರ್ಜ್ ಎಸ್. ಕಾಫ್‌ಮನ್, ಹಾಡು ಅರ್ವಿಂಗ್ ಬರ್ಲಿನ್. ಪ್ಯಾರಮೌಂಟ್‌ನವರು ನ್ಯೂಯಾರ್ಕಿನ ಅಸ್ಟೋರಿಯಾ ಸ್ಟುಡಿಯೋದಲ್ಲಿ ಇದನ್ನ ಚಿತ್ರ ಮಾಡುವಾಗ ನಾಲ್ಕೂ ಜನ ಮಾರ್ಕ್ಸ್ ಸಹೋದರರು ಹಗಲು ಶೂಟಿಂಗ್ ಮುಗಿಸಿ, ರಾತ್ರಿ ಬ್ರಾಡ್‌ವೇಯಲ್ಲಿ ‘ಅನಿಮಲ್ ಕ್ರ್ಯಾಕರ್ಸ್’ ನಾಟಕ ಆಡ್ತಿದ್ದರು. ಆ ದಣಿವು ತೆರೆ ಮೇಲೆ ಎಲ್ಲೂ ಕಾಣಲ್ಲ.

ಕ್ಯಾಮೆರಾ ಅಲ್ಲಾಡದೆ ನಿಂತಿದೆ ಅಂತ ನೀವು ದೂರಿದ್ದೀರಿ. ನಿಜ. ಆಗ ಕ್ಯಾಮೆರಾದ ಗರಗರ ಸದ್ದು ಮೈಕಿಗೆ ಬೀಳಬಾರದು ಅಂತ ಅದನ್ನ ಸೌಂಡ್‌ಪ್ರೂಫ್ ಗೂಡಿನೊಳಗೆ ಕೂರಿಸ್ತಿದ್ದರು. ಹಾಡುಗಳೂ ಪ್ಲೇಬ್ಯಾಕ್ ಅಲ್ಲ. ವಾದ್ಯದವರು ಕ್ಯಾಮೆರಾ ಕಣ್ಣಿಗೆ ಬೀಳದ ಕಡೆ ಕೂತು ಬಾರಿಸ್ತಿದ್ದರು, ಇವರು ಅಲ್ಲೇ ಹಾಡ್ತಿದ್ದರು. ಆ ನಕ್ಷೆ ಸೀನಿನಲ್ಲಿ ಕಾಗದವನ್ನೇ ಗಮನಿಸಿ. ಒಣ ಕಾಗದ ಮಡಚಿದರೆ ಮೈಕಿನಲ್ಲಿ ಪಟಪಟ ಅಂತ ಕೇಳ್ತಿತ್ತು, ಅದಕ್ಕೇ ನೀರಲ್ಲಿ ನೆನೆಸಿಟ್ಟರು. ಗ್ರೌಚೋ ಬಿಚ್ಚಿದ ಕೂಡಲೇ ಅದು ಸೆಟೆದು ನಿಲ್ಲದೆ ಮೆತ್ತಗೆ ಜೋತು ಬೀಳುತ್ತೆ. ಶುರುವಿಗೆ ಮುಂಚೆ ಇದೊಂದು ಹೇಳಿಬಿಡಿ, ಜನ ಕಾಯ್ತಾ ಕೂರ್ತಾರೆ. ಇನ್ನೊಂದು, ಕುಣಿತದ ನಡುವೆ ನರ್ತಕಿಯರನ್ನ ನೆತ್ತಿ ಮೇಲಿಂದ ತೋರಿಸೋ ಶಾಟ್ ಇದೆ. ಹಾಲಿವುಡ್‌ನ ನೃತ್ಯ ನಿರ್ದೇಶಕ ಬಸ್ಬಿ ಬರ್ಕ್ಲಿ ಇಂಥದ್ದಕ್ಕೆ ಹೆಸರಾಗಿದ್ದು ಆಮೇಲೆ. ನಾನು ಅದನ್ನೂ ಕತ್ತರಿಸಿ ಬಿಸಾಕಿದ್ದೆ ಅಂತ ನೆನೆಸಿಕೊಂಡರೆ ಈಗಲೂ ಹೊಟ್ಟೆ ಉರಿಯುತ್ತೆ.

ಪ್ರೇಮಿಗಳ ನಟನೆ ಸ್ವಲ್ಪ ಗಟ್ಟಿ ಹಲಗೆಯೇ, ಒಪ್ತೀನಿ. ಆದರೆ ನಿಮಗೆ ಬೋರಾಗಿದ್ದಕ್ಕೆ ಹಾಡು ಕಾರಣ ಅಂತ ನಾನು ನಂಬಲ್ಲ. ನೀವೇ ಬರೆದ ಹಾಗೆ, ನೀವು ಒಬ್ಬರೇ, ಫೋನಿನಲ್ಲಿ, ಇಯರ್‌ಫೋನ್ ಹಾಕಿಕೊಂಡು ನೋಡಿದ್ದೀರಿ. ನೂರಾರು ಜನ ಒಟ್ಟಿಗೆ ನಗಲಿ ಅಂತ ಕಟ್ಟಿದ ಆಟ ಅದು. ಮುಂದೆ ಒಮ್ಮೆ ಪೂರ್ತಿ ಚಿತ್ರ ಹಾಕಿದೆವು. ಹಾಡು ಬಂದಾಗ ಜನ ಕಾಲು ಚಾಚಿದರು, ಪಕ್ಕದವರ ಹತ್ತಿರ ಮಾತಾಡಿದರು, ಕಡಲೆಕಾಯಿ ಸುಲಿದರು. ಗ್ರೌಚೋ ಬಂದ ಕೂಡಲೇ ಗಪ್‌ಚುಪ್. ಶರ್ಟ್ ಹಾಡಿಗಂತೂ ಆ ಅಜ್ಜ ‘ಒನ್ಸ್ ಮೋರ್’ ಅಂದೇಬಿಟ್ಟರು.

‘ಡಕ್ ಸೂಪ್’ 1933ರದ್ದು, ಚಿಕ್ಕದು, ಅದರಲ್ಲಿ ಹಾರ್ಪೂ ಇಲ್ಲ ಪಿಯಾನೋ ಸೋಲೋನೂ ಇಲ್ಲ. ಒಳ್ಳೇ ಚಿತ್ರ, ಇನ್ನೊಂದು ಸಂಜೆಗಿರಲಿ.

ನೀವು ಬೆಂಗಳೂರಿನವರಾದರೆ ಇನ್ನೂ ಸುಲಭ. 1920ರ ದಶಕದ ಫ್ಲಾರಿಡಾದಲ್ಲಿ ಸೈಟ್ ಹುಚ್ಚು ಹೇಗಿತ್ತು ಅಂತ ಎರಡು ಮಾತು ಹೇಳಿ. ಜೌಗು ನೆಲವನ್ನೂ ನೋಡದೆ ಕೊಳ್ಳೋ ಜನ. 1926ರಲ್ಲಿ ಮಿಯಾಮಿಗೆ ಚಂಡಮಾರುತ ಬಡಿಯೋ ಹೊತ್ತಿಗೆ ಆ ಗುಳ್ಳೆ ಒಡೆದಿತ್ತು. ಗ್ರೌಚೋ ಸೈಟ್ ಹರಾಜು ಹಾಕ್ತಾನೆ, ಬೆಲೆ ಏರಿಸೋಕೆ ಅಂತ ಚಿಕೋನ ಜನರ ನಡುವೆ ನಿಲ್ಲಿಸ್ತಾನೆ, ಅವನು ನಿಲ್ಲಿಸೋದೇ ಇಲ್ಲದೆ ಕೂಗಿ ಕೂಗಿ ಸೈಟ್ ಮೇಲೆ ಸೈಟ್ ತನ್ನ ಹೆಸರಿಗೇ ಮಾಡಿಕೊಳ್ತಾನೆ. ನಮ್ಮವರಿಗೆ ಇದನ್ನ ಬಿಡಿಸಿ ಹೇಳಬೇಕಾ?

ಈಗ ಸಿಗೋ ಪ್ರತಿಯಲ್ಲಿ ಕೆಲವು ಭಾಗ ಸ್ವಚ್ಛ, ಕೆಲವು ಮಸುಕು. ಪ್ರೊಜೆಕ್ಟರ್ ಕೆಟ್ಟಿತು ಅಂತ ಹೆದರಿ ನಿಲ್ಲಿಸಬೇಡಿ. ಸ್ಪೀಕರ್ ಮಾತ್ರ ಮೊದಲೇ ಪರೀಕ್ಷಿಸಿ, ಆ ಕಾಲದ ಧ್ವನಿ ಸಣ್ಣದು. ಇಂಟರ್ವಲ್ ಕೊಡೋದಾದರೆ ಹರಾಜು ಮುಗಿದು ಬಾಬ್‌ನ ಹಿಡಿದ ಮೇಲೆ ಕೊಡಿ. ಕಾಫಿಗೆ ಅಷ್ಟರೊಳಗೆ ನೀರು ಇಟ್ಟಿರಿ.