ಎರಡೂ ಮನೆಯವರು ರಾಜಿಯಾದರೆ 498ಎ ಕೇಸ್ (ಗಂಡ ಅಥವಾ ಅವನ ಮನೆಯವರು ಹೆಂಡತಿಗೆ ಕಿರುಕುಳ ಕೊಟ್ಟರೆಂಬ ಕೇಸ್) ತಾನಾಗಿ ಮುಗಿಯುತ್ತದಾ?

ಇಲ್ಲ, ಹೈಕೋರ್ಟ್ ಅದನ್ನು ರದ್ದು ಮಾಡಬೇಕು. ಎಫ್‌ಐಆರ್ ಆದ ಮೇಲೆ ಕೇಸ್ ನಡೆಸುವುದು ಸರ್ಕಾರ, ದೂರು ಕೊಟ್ಟ ಹೆಂಡತಿ ಅದರಲ್ಲಿ ಸಾಕ್ಷಿ. ಹಾಗಾಗಿ ಠಾಣೆಯಲ್ಲಿ ಸುಮ್ನೆ ಬರೆದುಕೊಟ್ಟರೆ ಸಾಲದು. ಕರ್ನಾಟಕದಲ್ಲಿ 498ಎ (ಹೊಸ ಕಾನೂನಾದ ಭಾರತೀಯ ನ್ಯಾಯ ಸಂಹಿತೆ, ಅಂದರೆ ಬಿಎನ್‌ಎಸ್‌ನಲ್ಲಿ ಸೆಕ್ಷನ್ 85) ಕೆಳಕೋರ್ಟಿನಲ್ಲಿ ರಾಜಿ ಮಾಡಿಕೊಳ್ಳಬಹುದಾದ ಅಪರಾಧವಲ್ಲ.

ಆದರೆ ರಾಜಿ ನಿಜವಾಗಿದ್ದರೆ ಹೈಕೋರ್ಟ್ ತನ್ನ ವಿಶೇಷ ಅಧಿಕಾರ ಬಳಸಿ ಕೇಸ್ ರದ್ದು ಮಾಡಬಹುದು. ಸುಪ್ರೀಂ ಕೋರ್ಟ್ 2003ರಲ್ಲೇ ಬಿ.ಎಸ್. ಜೋಶಿ ಪ್ರಕರಣದಲ್ಲಿ ಇದನ್ನು ಒಪ್ಪಿದೆ. ಮುಖ್ಯ ಸಾಕ್ಷಿಯೇ ಬೇಡ ಎಂದರೆ ಶಿಕ್ಷೆಯಾಗುವ ಸಾಧ್ಯತೆ ತೀರಾ ಕಡಿಮೆ, ಅಲ್ವಾ? ರಾಜಿಪತ್ರ, ಪ್ರಮಾಣಪತ್ರ (ಅಫಿಡವಿಟ್) ಎರಡೂ ಬೇಕು. ಹಿರಿಯರ ಒತ್ತಡಕ್ಕೆ ಒಪ್ಪಿದ್ದರೆ ಆಕೆ ಅದನ್ನು ನ್ಯಾಯಾಧೀಶರ ಮುಂದೆ ಖಂಡಿತ ಹೇಳಬೇಕು.